ಹಳೆ ಫುಟೇಜ್ ಎಲ್ಲಿ ಸಿಗುತ್ತದೆ, ಯಾರನ್ನು ಕೇಳಬೇಕು? ಕಾಸರಗೋಡಿನ ಸಾಕ್ಷ್ಯಚಿತ್ರದವರು ಪದೇ ಪದೇ ಕೇಳುವ ಪ್ರಶ್ನೆಗಳು

ಮಂಜೇಶ್ವರ, ಕುಂಬಳೆ, ಬದಿಯಡ್ಕ ಕಡೆಯಿಂದ ಸಾಕ್ಷ್ಯಚಿತ್ರ ಮಾಡುವ ಹುಡುಗ ಹುಡುಗಿಯರು ಈಗ ಜಾಸ್ತಿ ಆಗಿದ್ದಾರೆ. ಕ್ಯಾಮೆರಾ ಉಂಟು, ಎಡಿಟಿಂಗ್ ಗೊತ್ತುಂಟು. ಸಿಕ್ಕಿಬೀಳುವುದು ಹಳೆ ವಿಶುವಲ್ಸ್ ಬೇಕಾದಾಗ. ಟಿವಿಗೆ, ಸಾಕ್ಷ್ಯಚಿತ್ರಕ್ಕೆ ಹಳೆ ಫುಟೇಜ್ ಹುಡುಕಿ ಕೊಡುವುದು ನನ್ನ ಕೆಲಸ. ಹಾಗಾಗಿ ಫೋನಿನಲ್ಲಿ ಕೇಳಿದ್ದನ್ನೇ ಮತ್ತೆ ಮತ್ತೆ ಕೇಳುತ್ತಾರೆ. ಉತ್ತರಗಳನ್ನು ಇಲ್ಲಿ ಬರೆದಿಟ್ಟಿದ್ದೇನೆ. ನಾನು ವಕೀಲನಲ್ಲ. ದೊಡ್ಡ ಮೊತ್ತದ ಒಪ್ಪಂದಕ್ಕೆ ಸಹಿ ಹಾಕುವ ಮೊದಲು ವಕೀಲರಿಗೊಮ್ಮೆ ತೋರಿಸಿ.

ಕಾಸರಗೋಡಿನ ಹಳೆ ದೃಶ್ಯ ಬೇಕು. ಎಲ್ಲಿಂದ ಶುರು ಮಾಡುವುದು?

ಇಸವಿಯಿಂದ. ಯಾವ ವರ್ಷದ್ದು ಬೇಕು ಅಂತ ಗೊತ್ತಾದರೆ ಅದನ್ನು ಯಾರು ಚಿತ್ರಿಸಿರಬಹುದು, ಫಿಲ್ಮಿನಲ್ಲೋ ಟೇಪಿನಲ್ಲೋ, ಈಗ ಎಲ್ಲಿರಬಹುದು ಅಂತ ಅಂದಾಜು ಮಾಡಬಹುದು.

ನಮ್ಮ ಊರಿನ ಕಷ್ಟ ಏನೆಂದರೆ, ಊರು ಇದ್ದಲ್ಲೇ ಇದ್ದರೂ ಕಚೇರಿ ಬದಲಾಗುತ್ತಾ ಹೋಯಿತು. 1956ರ ನವೆಂಬರ್ 1ರ ತನಕ ನಾವು ಮದ್ರಾಸಿನ ಕೆಳಗಿದ್ದ ದಕ್ಷಿಣ ಕನ್ನಡ ಜಿಲ್ಲೆ. ಆಮೇಲೆ ಕೇರಳ. 1984ರ ಮೇ 24ಕ್ಕೆ ಕಾಸರಗೋಡು ಜಿಲ್ಲೆ ಆಗುವವರೆಗೆ ಕಣ್ಣೂರು ಜಿಲ್ಲೆಯ ಭಾಗ. ಹಾಗಾಗಿ 1950ರ ಕಾಗದಪತ್ರ ಚೆನ್ನೈಯ ಎಗ್ಮೋರಿನಲ್ಲಿರುವ ತಮಿಳುನಾಡು ಪತ್ರಾಗಾರದಲ್ಲಿ ಇರಬಹುದು. 1970ರದ್ದು ತಿರುವನಂತಪುರದಲ್ಲಿ, ಅದೂ ‘ಕಣ್ಣೂರು’ ಎಂಬ ಕಟ್ಟಿನೊಳಗೆ ಇರಬಹುದು. ಗಡಿ ವಿವಾದ, ಮಹಾಜನ ಆಯೋಗದ ಕಾಲದ ಫೋಟೋ ಬೇಕಾದರೆ ಬೆಂಗಳೂರನ್ನೂ ಬಿಡುವ ಹಾಗಿಲ್ಲ. ಒಂದು ತಾಲೂಕಿನ ಚರಿತ್ರೆಗೆ ಮೂರು ರಾಜಧಾನಿ ಸುತ್ತಬೇಕು.

ಚಲಿಸುವ ದೃಶ್ಯದ ಮಟ್ಟಿಗೆ ಹೇಳುವುದಾದರೆ, ಟಿವಿ ಬರುವ ಮೊದಲಿನದ್ದೆಲ್ಲ ಫಿಲ್ಮೇ. ಸರಕಾರಿ ನ್ಯೂಸ್‌ರೀಲ್, ಕಿರುಚಿತ್ರ ಮಾಡುತ್ತಿದ್ದುದು 1948ರಲ್ಲಿ ಶುರುವಾದ ಮುಂಬೈಯ ಫಿಲ್ಮ್ಸ್ ಡಿವಿಜನ್. ಸಿನಿಮಾಗಳನ್ನು ಕಾಪಿಡಲು 1964ರಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಬಂತು. 2022ರಲ್ಲಿ ಇವೆರಡನ್ನೂ ಎನ್‌ಎಫ್‌ಡಿಸಿಯಲ್ಲಿ ಸೇರಿಸಿದರು. ಹಾಗಾಗಿ ಈಗ ಪತ್ರ ಬರೆಯಬೇಕಾದದ್ದು ಈ ಎನ್‌ಎಫ್‌ಡಿಸಿಗೆ, ಅಂದರೆ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮಕ್ಕೆ. 1980ರ ದಶಕದಿಂದ ಈಚಿನದಕ್ಕೆ ದೂರದರ್ಶನ, ಅಂದರೆ ಪ್ರಸಾರ ಭಾರತಿಯ ಆರ್ಕೈವ್ಸ್. ಬೆಂಗಳೂರು ಕೇಂದ್ರ, ತಿರುವನಂತಪುರ ಕೇಂದ್ರ ಎರಡನ್ನೂ ಕೇಳಿ. ಒಬ್ಬರು ‘ನಿಮ್ಮದು ಆಚೆಯವರ ಹತ್ತಿರ ಇರಬಹುದು’ ಅಂತಾರೆ, ಆಚೆಯವರು ಈಚೆಗೆ ತೋರಿಸುತ್ತಾರೆ. ಬೇಸರ ಮಾಡಿಕೊಳ್ಳಬೇಡಿ, ಎರಡೂ ಕಡೆ ಲಿಖಿತವಾಗಿಯೇ ಕೇಳಿ. ಧ್ವನಿ ಸಾಕು ಅಂತಾದರೆ ಮಂಗಳೂರು ಆಕಾಶವಾಣಿ ಉಂಟು. ನಮ್ಮ ಕಡೆಯ ಎಷ್ಟೋ ಕವಿಗಳು, ಭಾಗವತರು ಮಾತಾಡಿದ್ದು, ಹಾಡಿದ್ದು ಅಲ್ಲಿ.

ಒಂದು ಮಾತು ನೆನಪಿರಲಿ. ಹಿಂದೆ ವಿಡಿಯೋ ಟೇಪ್ ದುಬಾರಿ. ಟಿವಿ ಕೇಂದ್ರಗಳು ಒಂದೇ ಟೇಪಿನ ಮೇಲೆ ಮತ್ತೆ ಮತ್ತೆ ರೆಕಾರ್ಡ್ ಮಾಡುತ್ತಿದ್ದವು. ಪ್ರಸಾರ ಆಗಿದ್ದನ್ನು ಕಣ್ಣಾರೆ ಕಂಡವರಿದ್ದರೂ ಟೇಪ್ ಉಳಿದಿರಬೇಕೆಂದಿಲ್ಲ.

ಕ್ಯಾಟಲಾಗಿನಲ್ಲಿ ‘ಕಾಸರಗೋಡು’ ಅಂತ ಹುಡುಕಿದರೆ ಏನೂ ಬರುವುದಿಲ್ಲ. ಎಂತ ಮಾಡುವುದು?

ಬರುವುದೇ ಇಲ್ಲ. ಕ್ಯಾಟಲಾಗ್ ಬರೆದವರು ನಮ್ಮ ಊರು ನೋಡಿದವರಲ್ಲ. ಇಂಗ್ಲಿಷಿನಲ್ಲಿ ಕಾಸರಗೋಡನ್ನು ನಾಲ್ಕೈದು ಥರ ಬರೆದಿದ್ದಾರೆ, ಎಲ್ಲವನ್ನೂ ಹಾಕಿ ನೋಡಿ. ಆಮೇಲೆ ಸೌತ್ ಕೆನರಾ, ಮಲಬಾರ್, ಮಂಗಳೂರು, ಕ್ಯಾನನೋರ್, ಮದ್ರಾಸ್ ಪ್ರೆಸಿಡೆನ್ಸಿ. ಅದೂ ಆಗದಿದ್ದರೆ ಊರಿನ ಹೆಸರು ಬಿಟ್ಟು ವಸ್ತು ಹುಡುಕಿ: ತೆಂಗಿನ ನಾರು, ಅಡಿಕೆ, ಗೇರುಬೀಜ, ಹಂಚಿನ ಕಾರ್ಖಾನೆ, ದೋಣಿ, ಹೊಗೆಸೊಪ್ಪು.

ಸಿಕ್ಕಿದ ಮೇಲೆ ಕ್ಯಾಪ್ಷನ್ ನಂಬಬೇಡಿ, ಚಿತ್ರ ನೋಡಿ. ‘ಮಲಬಾರಿನ ರೈತ’ ಅಂತ ಬರೆದಿರುತ್ತದೆ, ಅವನ ತಲೆಯಲ್ಲಿ ಮುಟ್ಟಾಳೆ, ಅಂದರೆ ಅಡಿಕೆ ಹಾಳೆಯ ಟೊಪ್ಪಿ ಇರುತ್ತದೆ. ಹಾಗಾದರೆ ಅದು ತುಳು ಮಾತಾಡುವ ಕಡೆಯದ್ದೇ ಇರಬಹುದು ಅಂತ ಸಂಶಯ ಬರಬೇಕು. ಅಂಗಡಿ ಬೋರ್ಡಿನಲ್ಲಿ ಕನ್ನಡ ಉಂಟಾ, ಮಲಯಾಳ ಉಂಟಾ ನೋಡಿ. ಗಾಡಿಯ ನಂಬರಿನಲ್ಲಿ ಕಾಸರಗೋಡಿನ ಕೆಎಲ್ 14 ಕಂಡರೆ ಅದು 1989ರ ನಂತರದ ದೃಶ್ಯ, ಯಾಕೆಂದರೆ ಈ ಬಗೆಯ ನಂಬರ್ ಬಂದದ್ದೇ ಆ ವರ್ಷ. ಕ್ಲಿಪ್ಪನ್ನು ನಿಲ್ಲಿಸಿ ನಿಲ್ಲಿಸಿ, ಒಂದೊಂದು ಮೂಲೆ ದೊಡ್ಡದು ಮಾಡಿ, ಊರಿನ ಹಿರಿಯರನ್ನು ಪಕ್ಕ ಕೂರಿಸಿಕೊಂಡು ನೋಡಿ. ಬಸ್ ಸ್ಟ್ಯಾಂಡಿನ ಹಿಂದಿನ ಗುಡ್ಡ ನೋಡಿಯೇ ಜಾಗ ಹೇಳುವವರಿದ್ದಾರೆ.

ವಿದೇಶದ ಆರ್ಕೈವ್‌ಗಳಲ್ಲಿ ನಮ್ಮ ಕಡೆಯದ್ದು ಇರುತ್ತದಾ?

ಫೋಟೋ ಬೇಕಾದರೆ ಮೊದಲು ನೋಡಬೇಕಾದದ್ದು ಬಾಸೆಲ್ ಮಿಶನ್ ಸಂಗ್ರಹ. ಅವರು ಮಂಗಳೂರಿಗೆ ಬಂದದ್ದು 1834ರಲ್ಲಿ. ಶಾಲೆ, ಹಂಚಿನ ಕಾರ್ಖಾನೆ, ನೇಯ್ಗೆ, ಊರು, ಜನ ಎಲ್ಲದರ ಫೋಟೋ ಸ್ವಿಟ್ಜರ್‌ಲೆಂಡಿನ ಬಾಸೆಲ್‌ನಲ್ಲಿವೆ. ಬಹಳಷ್ಟನ್ನು ಆನ್‌ಲೈನಿನಲ್ಲಿ ನೋಡಬಹುದು. ದೊಡ್ಡ ಸ್ಕ್ಯಾನ್ ಬೇಕಾದರೆ ಅವರಿಗೇ ಬರೆಯಬೇಕು.

ಬ್ರಿಟಿಷರ ಕಾಲದ ಹೋಮ್ ಮೂವಿಗಳು ಕೇಂಬ್ರಿಜ್ ವಿಶ್ವವಿದ್ಯಾಲಯದ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರದಲ್ಲಿವೆ. ಕಲೆಕ್ಟರ್‌ಗಳು, ಪ್ಲಾಂಟರ್‌ಗಳು, ಅವರ ಮನೆಯವರು ತೆಗೆದದ್ದು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್, ಲಂಡನ್ನಿನ ಇಂಪೀರಿಯಲ್ ವಾರ್ ಮ್ಯೂಸಿಯಂ ಕೂಡ ನೋಡಬಹುದು. ಬ್ರಿಟಿಷ್ ಪಾಥೇ ತನ್ನ 85,000 ನ್ಯೂಸ್‌ರೀಲ್‌ಗಳನ್ನು 2014ರಲ್ಲಿ ಯೂಟ್ಯೂಬಿಗೆ ಹಾಕಿತು. ನೋಡಲು ಪುಕ್ಕಟೆ, ಬಳಸಲು ಅಲ್ಲ. ಈ ವ್ಯತ್ಯಾಸ ಎಷ್ಟು ಸಲ ಹೇಳಿದರೂ ಸಾಲದು.

ಯೂಟ್ಯೂಬಿನಲ್ಲಿ ಹೇಗೂ ಇದೆ. ಡೌನ್‌ಲೋಡ್ ಮಾಡಿ ಹಾಕಿ, ‘ಕೃಪೆ: ಯೂಟ್ಯೂಬ್’ ಅಂತ ಬರೆದರೆ ಸಾಕಲ್ವಾ?

ಸಾಲದು. ಕೃಪೆ ಅಂತ ಬರೆಯುವುದು ಮರ್ಯಾದೆ, ಅನುಮತಿ ಅಲ್ಲ. ಯೂಟ್ಯೂಬ್ ಯಾವ ವಿಡಿಯೋದ ಮಾಲೀಕನೂ ಅಲ್ಲ. ಅಪ್‌ಲೋಡ್ ಮಾಡಿದವನೂ ಮಾಲೀಕನೇ ಆಗಿರಬೇಕೆಂದಿಲ್ಲ. ಮೂರನೆಯವರ ಟೇಪನ್ನು ಯಾರೋ ಹಾಕಿರುತ್ತಾರೆ, ಅವನು ‘ಬಳಸಿ ಬ್ರೋ’ ಅಂತ ಮೆಸೇಜ್ ಕಳಿಸುತ್ತಾನೆ. ಅವನದ್ದಲ್ಲದ್ದನ್ನು ಅವನು ಕೊಡುವುದು ಹೇಗೆ?

ಕ್ರಿಯೇಟಿವ್ ಕಾಮನ್ಸ್ ಗುರುತು, ಅಂದರೆ ಕೆಲವು ಷರತ್ತಿನ ಮೇಲೆ ಯಾರೂ ಬಳಸಬಹುದು ಅಂತ ಮಾಲೀಕರೇ ಮೊದಲೇ ಕೊಟ್ಟ ಒಪ್ಪಿಗೆ ಇದ್ದರೆ ಷರತ್ತು ಓದಿ. ‘ವಾಣಿಜ್ಯ ಬಳಕೆಗೆ ಇಲ್ಲ’ ಅಂತ ಇದ್ದರೆ ಟಿವಿ ಚಾನೆಲಿಗೆ ಕೊಡುವ ಚಿತ್ರದಲ್ಲಿ ಅದು ನಡೆಯುವುದಿಲ್ಲ. ಇನ್ನು ಯೂಟ್ಯೂಬಿನಲ್ಲೇ ಚಿತ್ರ ಬಿಡುವವರಿಗೆ ಬೇರೆ ತಲೆನೋವು: 90 ದಿನಗಳಲ್ಲಿ ಮೂರು ಕಾಪಿರೈಟ್ ಸ್ಟ್ರೈಕ್ (ಹಕ್ಕುದಾರರ ದೂರಿನ ಮೇಲೆ ಬರುವ ಎಚ್ಚರಿಕೆ) ಬಿದ್ದರೆ ಚಾನೆಲ್ಲೇ ಹೋಗಬಹುದು.

ಹತ್ತು ಸೆಕೆಂಡಿಗಿಂತ ಕಡಿಮೆ ಬಳಸಿದರೆ ಲೈಸೆನ್ಸ್ ಬೇಡ ಅಂತಾರಲ್ಲ?

ಯಾರು ಹೇಳಿದ್ದು ಅಂತ ಕೇಳಿದರೆ ಎಲ್ಲರೂ ಇನ್ನೊಬ್ಬರನ್ನು ತೋರಿಸುತ್ತಾರೆ. 1957ರ ಕಾಪಿರೈಟ್ ಕಾಯ್ದೆಯಲ್ಲಿ ಸೆಕೆಂಡಿನ ಲೆಕ್ಕ ಎಲ್ಲೂ ಇಲ್ಲ. 52ನೇ ಸೆಕ್ಷನ್ನಿನಲ್ಲಿ ಸ್ವಂತ ಬಳಕೆ ಮತ್ತು ಸಂಶೋಧನೆ, ವಿಮರ್ಶೆ, ಪ್ರಚಲಿತ ವಿದ್ಯಮಾನಗಳ ವರದಿ ಇಂಥದ್ದಕ್ಕೆ ನ್ಯಾಯಯುತ ಬಳಕೆಯ ವಿನಾಯಿತಿ ಇದೆ. ನಿಮ್ಮ ಸಾಕ್ಷ್ಯಚಿತ್ರ ಒಂದು ಹಳೆ ಸಿನಿಮಾವನ್ನೇ ವಿಮರ್ಶಿಸುತ್ತಿದ್ದರೆ ಅದರ ತುಣುಕು ತೋರಿಸುವುದಕ್ಕೆ ವಾದ ಇದೆ. ಖಾಲಿ ಜಾಗ ತುಂಬಿಸಲು ಚೆಂದದ ಶಾಟ್ ಬೇಕು ಅಂತ ಹಾಕಿದರೆ ಆ ವಾದ ನಿಲ್ಲುವುದಿಲ್ಲ.

2012ರಲ್ಲಿ ದೆಹಲಿ ಹೈಕೋರ್ಟ್ ಒಂದು ಟಿವಿ ಚಾನೆಲ್ ಮತ್ತು ಸಿನಿಮಾ ಕಂಪನಿ ನಡುವಿನ ಕೇಸಿನಲ್ಲಿ, ತೀರಾ ಕ್ಷುಲ್ಲಕ ಬಳಕೆಯನ್ನು ಉಲ್ಲಂಘನೆ ಅಂತ ಎಳೆಯಬೇಕಿಲ್ಲ ಅಂದಿತು. ಆದರೆ ಯಾವುದು ಕ್ಷುಲ್ಲಕ ಅಂತ ಪ್ರತಿ ಕೇಸಿನಲ್ಲೂ ಬೇರೆಯಾಗಿ ನೋಡಬೇಕು. ಅಂದರೆ ಈ ವಾದವೆಲ್ಲ ಕೋರ್ಟಿಗೆ ಹೋದ ಮೇಲಿನ ಮಾತು. ನಿಮ್ಮ ಬಜೆಟಿನಲ್ಲಿ ಕೋರ್ಟಿನ ಖರ್ಚು ಉಂಟಾ?

ಎಷ್ಟು ವರ್ಷ ಹಳೆಯದಾದರೆ ಯಾರನ್ನೂ ಕೇಳದೆ ಬಳಸಬಹುದು?

ಸಿನಿಮಾ, ವಿಡಿಯೋ, ಧ್ವನಿಮುದ್ರಣ ಇವಕ್ಕೆ ಬಿಡುಗಡೆಯಾದ ಮರು ವರ್ಷದಿಂದ 60 ವರ್ಷ. 1960ರಲ್ಲಿ ಬಿಡುಗಡೆಯಾದ ಚಿತ್ರದ ಹಕ್ಕು 2020ರ ಡಿಸೆಂಬರ್ 31ಕ್ಕೆ ಮುಗಿಯಿತು. ಸರಕಾರ ಪ್ರಕಟಿಸಿದ್ದಕ್ಕೂ 60 ವರ್ಷವೇ. ಆದರೆ ಬಿಡುಗಡೆಯೇ ಆಗದ ಕಚ್ಚಾ ಫುಟೇಜಿಗೆ ಈ ಲೆಕ್ಕ ಶುರುವೇ ಆಗಿರುವುದಿಲ್ಲ. ಯಾರದ್ದೋ ಅಟ್ಟದಲ್ಲಿ 1955ರ ರೀಲ್ ಸಿಕ್ಕಿತು ಅಂತ ಅದು ಊರಿನ ಆಸ್ತಿ ಆಗುವುದಿಲ್ಲ.

ಬರಹಕ್ಕೆ ಲೆಕ್ಕ ಬೇರೆ: ಬರೆದವರು ತೀರಿಕೊಂಡ ಮರು ವರ್ಷದಿಂದ 60 ವರ್ಷ. ಮಂಜೇಶ್ವರದ ಗೋವಿಂದ ಪೈಗಳು ತೀರಿಕೊಂಡದ್ದು 1963ರಲ್ಲಿ. ಹಾಗಾಗಿ 2024ರ ಜನವರಿ 1ರಿಂದ ಅವರು ಬದುಕಿದ್ದಾಗ ಪ್ರಕಟವಾದ ಕವಿತೆಗಳನ್ನು ಯಾರೂ ಬಳಸಬಹುದು. ಕಯ್ಯಾರ ಕಿಞ್ಞಣ್ಣ ರೈಗಳು ತೀರಿಕೊಂಡದ್ದು 2015ರಲ್ಲಿ. ಅವರ ಕವಿತೆಯ ನಾಲ್ಕು ಸಾಲನ್ನು ನಿಮ್ಮ ಚಿತ್ರದಲ್ಲಿ ಓದಿಸಬೇಕಾದರೆ 2075ರ ಕೊನೆಯವರೆಗೂ ಹಕ್ಕುದಾರರನ್ನು ಕೇಳಬೇಕು. ಇಬ್ಬರೂ ನಮ್ಮವರೇ, ಇಬ್ಬರ ಕವಿತೆಯೂ ಶಾಲೆಯಲ್ಲಿ ಬಾಯಿಪಾಠ. ಕಾನೂನಿಗೆ ಅದು ಲೆಕ್ಕಕ್ಕಿಲ್ಲ. ಮತ್ತೆ, ಪೈಗಳ ಕವಿತೆ ಮುಕ್ತವಾದರೂ ಅದನ್ನು ಹಾಡಿ ಕ್ಯಾಸೆಟ್ ಮಾಡಿದವರ ಧ್ವನಿಮುದ್ರಣ ಮುಕ್ತ ಅಲ್ಲ.

ಹಕ್ಕು ಮುಗಿದಿದ್ದರೂ ಒಳ್ಳೆ ಪ್ರಿಂಟ್ ಇರುವುದು ಆರ್ಕೈವ್ ಹತ್ತಿರ ತಾನೆ? ಪ್ರತಿ ತೆಗೆದುಕೊಡಲು ಅವರು ಹಣ ಕೇಳಬಹುದು. ಅದು ಕಾಪಿರೈಟಿನ ಹಣ ಅಲ್ಲ, ಕೆಲಸದ ಹಣ. ಇನ್ನೊಂದು, ಹೊರದೇಶದಲ್ಲಿ ತೋರಿಸುವುದಾದರೆ ಆ ದೇಶದ ಲೆಕ್ಕ ನೋಡಬೇಕು. ಇಲ್ಲಿ ಮುಕ್ತವಾದದ್ದು ಅಲ್ಲಿ ಮುಕ್ತವಾಗಿರಬೇಕೆಂದಿಲ್ಲ.

ಮದುವೆ ವಿಡಿಯೋದಲ್ಲಿ ಹಳೆ ಪೇಟೆ ಚೆನ್ನಾಗಿ ಕಾಣುತ್ತದೆ. ಯಾರನ್ನು ಕೇಳಬೇಕು, ಸ್ಟುಡಿಯೋದವರನ್ನಾ ಮನೆಯವರನ್ನಾ?

ಒಳ್ಳೆ ಪ್ರಶ್ನೆ. ನನ್ನ ಮಟ್ಟಿಗೆ 1985ರಿಂದ 2005ರ ತನಕದ ನಮ್ಮ ಊರನ್ನು ನೋಡಲು ಮದುವೆ ಕ್ಯಾಸೆಟ್‌ಗಿಂತ ಒಳ್ಳೆ ಆರ್ಕೈವ್ ಇಲ್ಲ. ದಿಬ್ಬಣ ಹೊರಡುವಾಗ ಕ್ಯಾಮೆರಾದವನು ಸುಮ್ನೆ ರಸ್ತೆ ತೋರಿಸಿರುತ್ತಾನೆ. ಕೆಂಪು ಮಣ್ಣಿನ ರಸ್ತೆ, ಮುರಕಲ್ಲಿನ ಗೋಡೆ, ಜೀಪು, ಸೋಡಾ ಅಂಗಡಿ. ಯಾವ ಟಿವಿಯವರೂ ಅದನ್ನು ತೆಗೆಯಲು ಬಂದಿಲ್ಲ.

ಕಾಯ್ದೆಯ 17ನೇ ಸೆಕ್ಷನ್ ಪ್ರಕಾರ, ಹಣ ಕೊಟ್ಟು ಮಾಡಿಸಿದ ಫೋಟೋ ಅಥವಾ ವಿಡಿಯೋದ ಮೊದಲ ಹಕ್ಕುದಾರ ಮಾಡಿಸಿದವನೇ, ಬೇರೆ ಒಪ್ಪಂದ ಇಲ್ಲದಿದ್ದರೆ. ಆ ಕಾಲದಲ್ಲಿ ಒಪ್ಪಂದ ಯಾರು ಬರೆದಿದ್ದಾರೆ? ಹಾಗಾಗಿ ಮನೆಯವರನ್ನು ಕೇಳಿ. ಸ್ಟುಡಿಯೋದವರಿಗೂ ಒಂದು ಮಾತು ಹೇಳಿ, ಅವರ ಹೆಸರು ಹಾಕಿ. ಮದುವೆ ವಿಡಿಯೋ ಹಿನ್ನೆಲೆಯಲ್ಲಿ ಸಿನಿಮಾ ಹಾಡು ಅಂಟಿಸಿರುತ್ತಾರೆ, ಆ ಧ್ವನಿಯನ್ನು ತೆಗೆದುಬಿಡಿ.

ಯಕ್ಷಗಾನದ್ದು ಇನ್ನೂ ಜಟಿಲ. ಕುಂಬಳೆಯ ಹಳೆ ಕಾಲದ ಯಕ್ಷಗಾನ ಕವಿ ಪಾರ್ತಿಸುಬ್ಬನ ಪದ್ಯಕ್ಕೆ ಹಕ್ಕಿನ ಪ್ರಶ್ನೆ ಇಲ್ಲ. ಆದರೆ ಆ ರಾತ್ರಿ ಹಾಡಿದ ಭಾಗವತರಿಗೆ, ಚೆಂಡೆಯವರಿಗೆ, ವೇಷಧಾರಿಗಳಿಗೆ ಪ್ರದರ್ಶಕರ ಹಕ್ಕು ಅಂತ ಉಂಟು, ಪ್ರದರ್ಶನದ ಮರು ವರ್ಷದಿಂದ 50 ವರ್ಷ. ಚಿತ್ರೀಕರಿಸಿದವರ ಹಕ್ಕು ಬೇರೆ. ಹೊಸ ಪ್ರಸಂಗವಾದರೆ ಕವಿಯ ಹಕ್ಕೂ ಸೇರಿತು. ಮೇಳದ ಯಜಮಾನರು ‘ಆಯ್ತು’ ಅಂದರೆ ಎಲ್ಲರೂ ‘ಆಯ್ತು’ ಅಂದ ಹಾಗೆ ಅಂತ ನಾವೆಲ್ಲ ತಿಳಿದುಕೊಂಡಿದ್ದೇವೆ. ಹಾಗಲ್ಲ. ಒಬ್ಬೊಬ್ಬರನ್ನೂ, ತೀರಿಕೊಂಡಿದ್ದರೆ ಮನೆಯವರನ್ನೂ ಕೇಳುವುದು ಸುರಕ್ಷಿತ.

ಒಪ್ಪಿಗೆಯನ್ನು ಬಾಯಲ್ಲಿ ಹೇಳಿದರೆ ಸಾಲದಾ? ನಮ್ಮ ಮಾವನದ್ದೇ ಟೇಪ್.

ಮಾವ ಇರುವ ತನಕ ಸಾಕಾಗಬಹುದು. ಚಾನೆಲಿನವರಿಗೆ, ಒಟಿಟಿಯವರಿಗೆ ಕಾಗದ ಬೇಕು. ಕಾನೂನೂ ಲೈಸೆನ್ಸ್ ಲಿಖಿತವಾಗಿರಬೇಕು ಅಂತಲೇ ಹೇಳುತ್ತದೆ. ಅದರಲ್ಲಿ ಒಂದು ಸಣ್ಣ ಬಲೆ ಉಂಟು: ಅವಧಿ ಬರೆಯದಿದ್ದರೆ 5 ವರ್ಷ ಅಂತ ಅರ್ಥ. ಎಲ್ಲಿ ಅಂತ ಬರೆಯದಿದ್ದರೆ ಭಾರತ ಮಾತ್ರ. ‘ಬಳಸಲು ನನ್ನ ಅಡ್ಡಿ ಇಲ್ಲ’ ಅಂತ ಒಂದೇ ಸಾಲು ಬರೆಸಿಕೊಂಡರೆ ಆರನೇ ವರ್ಷ ನಿಮ್ಮ ಕೈಯಲ್ಲಿ ಏನೂ ಇಲ್ಲ. ದುಬೈಯಲ್ಲಿ ಕನ್ನಡ ಸಂಘದವರು ಪ್ರದರ್ಶನ ಇಟ್ಟರೆ ಅದಕ್ಕೂ ಆ ಕಾಗದ ಆಗುವುದಿಲ್ಲ.

ನಾನು ಬರೆಸುವುದು ಸುಮಾರು ಹೀಗೆ: ‘1991ರಲ್ಲಿ ಕುಂಬಳೆಯಲ್ಲಿ ಚಿತ್ರೀಕರಿಸಿದ, ನನ್ನ ಹಕ್ಕಿನಲ್ಲಿರುವ ವಿಎಚ್‌ಎಸ್ ಟೇಪಿನ 14 ನಿಮಿಷ 20 ಸೆಕೆಂಡಿನಿಂದ 15 ನಿಮಿಷ 5 ಸೆಕೆಂಡಿನವರೆಗಿನ ದೃಶ್ಯವನ್ನು ಇಂಥ ಸಾಕ್ಷ್ಯಚಿತ್ರದಲ್ಲಿ, ಅದರ ಟ್ರೈಲರಿನಲ್ಲಿ, ಟಿವಿ, ಚಿತ್ರೋತ್ಸವ, ಇಂಟರ್ನೆಟ್ ಸೇರಿ ಎಲ್ಲ ಮಾಧ್ಯಮಗಳಲ್ಲಿ, ಜಗತ್ತಿನಾದ್ಯಂತ, ಕಾಪಿರೈಟ್ ಅವಧಿ ಮುಗಿಯುವವರೆಗೆ ಬಳಸಲು ಒಪ್ಪಿದ್ದೇನೆ. ಟೇಪಿನ ಹಕ್ಕು ನನ್ನಲ್ಲೇ ಉಳಿಯುತ್ತದೆ. ಇದನ್ನು ಬೇರೆಯವರಿಗೂ ಕೊಡುವ ಸ್ವಾತಂತ್ರ್ಯ ನನಗಿದೆ.’ ಕೆಳಗೆ ಹಣ ಎಷ್ಟು, ಹೆಸರು ಹೇಗೆ ಹಾಕಬೇಕು, ತಾರೀಕು, ಸಹಿ.

ಸಹಿ ಹಾಕುವವರಿಗೆ ಓದಲು ಬರುವ ಭಾಷೆಯಲ್ಲೇ ಬರೆಯಿರಿ. ನಮ್ಮಲ್ಲಿ ಒಂದೇ ಮನೆಯಲ್ಲಿ ಅಜ್ಜ ಕನ್ನಡ ಮಾತ್ರ ಓದುತ್ತಾರೆ, ಮೊಮ್ಮಗಳು ಮಲಯಾಳ ಮಾತ್ರ. ಇಂಗ್ಲಿಷ್ ಅಗ್ರಿಮೆಂಟ್ ಮುಂದಿಟ್ಟು ‘ಇಲ್ಲಿ ಹಾಕಿ ಅಜ್ಜ’ ಅನ್ನುವುದು ನನಗೆ ಸರಿ ಕಾಣುವುದಿಲ್ಲ.

ಮಾಲೀಕರೇ ಪತ್ತೆ ಇಲ್ಲ. ಆಗ?

ನಮ್ಮ ಕಡೆ ಇದು ತುಂಬಾ. ಹಿಂದೆ ಲೋಕಲ್ ಕೇಬಲ್ ಸುದ್ದಿ ನಡೆಸುತ್ತಿದ್ದವರು ಬಾಗಿಲು ಹಾಕಿ ಗಲ್ಫಿಗೆ ಹೋಗಿದ್ದಾರೆ, ಟೇಪ್ ಇನ್ಯಾರದ್ದೋ ಗೋದಾಮಿನಲ್ಲಿ ಇರುತ್ತದೆ. ಹುಡುಕಿದ್ದಕ್ಕೆ ದಾಖಲೆ ಇಡಿ: ಯಾರಿಗೆ ಫೋನ್ ಮಾಡಿದಿರಿ, ಯಾವ ವಿಳಾಸಕ್ಕೆ ರಿಜಿಸ್ಟರ್ಡ್ ಪತ್ರ ಹಾಕಿದಿರಿ, ವಾಪಸ್ ಬಂದ ಲಕೋಟೆ ಎಲ್ಲಿದೆ. ಕಾಯ್ದೆಯ 31ಎ ಸೆಕ್ಷನ್ನಿನಲ್ಲಿ ಮಾಲೀಕ ಸಿಗದ ಕೃತಿಗೆ ಲೈಸೆನ್ಸ್ ಕೇಳುವ ದಾರಿ ಇದೆ. ಪತ್ರಿಕೆಯಲ್ಲಿ ಪ್ರಕಟಣೆ ಕೊಟ್ಟು ಅರ್ಜಿ ಹಾಕಬೇಕು. 2021ರಲ್ಲಿ ಅದಕ್ಕಿದ್ದ ಮೇಲ್ಮನವಿ ಮಂಡಳಿ ರದ್ದಾಗಿ ಇಂಥ ವಿಷಯ ಕೋರ್ಟಿಗೆ ಹೋಗಿದೆ. ಸಣ್ಣ ಚಿತ್ರದವರಿಗೆ ಅಷ್ಟು ದೂರ ಹೋಗಲಿಕ್ಕೆ ಆಗುವುದಿಲ್ಲ. ನನ್ನ ಸಲಹೆ ಇಷ್ಟೆ: ಆ ಶಾಟ್ ಇಲ್ಲದೆ ಚಿತ್ರ ನಿಲ್ಲುತ್ತದಾ ನೋಡಿ. ನಿಂತರೆ ಬಿಟ್ಟುಬಿಡಿ.

ಲೈಸೆನ್ಸಿಗೆ ಎಷ್ಟಾಗುತ್ತದೆ?

ಒಂದೇ ದರ ಇಲ್ಲ. ಎಷ್ಟು ಸೆಕೆಂಡ್, ಯಾವ ಮಾಧ್ಯಮ, ಯಾವ ದೇಶ, ಎಷ್ಟು ವರ್ಷ ಈ ನಾಲ್ಕರ ಮೇಲೆ ಹೋಗುತ್ತದೆ. ಸೆಕೆಂಡಿನ ಅಥವಾ ನಿಮಿಷದ ಲೆಕ್ಕದಲ್ಲಿ ಹೇಳುತ್ತಾರೆ, ಮತ್ತೆ ಕನಿಷ್ಠ ಶುಲ್ಕ ಅಂತ ಇಡುತ್ತಾರೆ. ಆ ಕನಿಷ್ಠದಲ್ಲೇ ಹೊಸಬರು ಬೀಳುವುದು.

ಸುಮ್ನೆ ಲೆಕ್ಕಕ್ಕೆ ಸೆಕೆಂಡಿಗೆ 1,000 ರೂಪಾಯಿ, ಕನಿಷ್ಠ 30 ಸೆಕೆಂಡ್ ಅಂತಿಟ್ಟುಕೊಳ್ಳಿ. ನಿಮಗೆ ಬೇಕಾದದ್ದು 12 ಸೆಕೆಂಡ್. ಬಿಲ್ 12,000 ಅಲ್ಲ, 30,000. ಅದೇ ಆರ್ಕೈವಿನಿಂದ ಮೂರು ಕ್ಲಿಪ್, ಒಟ್ಟು 28 ಸೆಕೆಂಡ್ ತೆಗೆದುಕೊಂಡರೆ? ಕನಿಷ್ಠ ಇಡೀ ಆರ್ಡರಿಗೆ ಅಂತಾದರೆ ಆಗಲೂ 30,000. ಒಂದೊಂದು ಕ್ಲಿಪ್ಪಿಗೆ ಅಂತಾದರೆ 90,000. ಹಾಗಾಗಿ ಮೊದಲ ಇಮೇಲಿನಲ್ಲೇ ಕೇಳಿ: ಕನಿಷ್ಠ ಯಾವುದಕ್ಕೆ? ಸ್ಕ್ಯಾನಿಂಗ್ ಬೇರೆಯಾ? ಜಿಎಸ್‌ಟಿ ಸೇರಿದೆಯಾ? ಹೊರದೇಶಕ್ಕೆ ಹಣ ಕಳಿಸುವಾಗ ತೆರಿಗೆ ಕಡಿತದ ವಿಚಾರ ಬರುತ್ತದೆ, ಬ್ಯಾಂಕಿನವರು ಫಾರ್ಮ್ ಕೇಳುತ್ತಾರೆ. ಅದನ್ನು ಸಿಎ ಹತ್ತಿರ ಕೊಡಿ.

ಹಣ ಕಡಿಮೆ ಇದ್ದರೆ ಮೊದಲು ಚಿತ್ರೋತ್ಸವಕ್ಕೆ ಮಾತ್ರ ಲೈಸೆನ್ಸ್ ತೆಗೆದುಕೊಳ್ಳಿ. ಮುಂದೆ ಚಾನೆಲ್ ಸಿಕ್ಕಿದರೆ ಟಿವಿ, ಒಟಿಟಿಗೆ ವಿಸ್ತರಿಸುವ ದರವನ್ನೂ ಈಗಲೇ ಬರೆಸಿಕೊಳ್ಳಿ. ಚಿತ್ರ ಹೆಸರು ಮಾಡಿದ ಮೇಲೆ ದರ ಕೇಳಿದರೆ ಅದು ಏರಿರುತ್ತದೆ. ಮತ್ತೆ, ನಾಚಿಕೆ ಬಿಟ್ಟು ಚೌಕಾಶಿ ಮಾಡಿ. ಸಣ್ಣ ಭಾಷೆಯ, ಸಣ್ಣ ಬಜೆಟಿನ ಚಿತ್ರ ಅಂತ ಹೇಳಿದರೆ ಇಳಿಸುವವರಿದ್ದಾರೆ.

ರಾಯಲ್ಟಿ ಫ್ರೀ ಅಂದರೆ ಪುಕ್ಕಟೆಯಾ?

ಅಲ್ಲ. ಒಮ್ಮೆ ಹಣ ಕೊಟ್ಟರೆ ಪ್ರತಿ ಬಳಕೆಗೂ ಮತ್ತೆ ಕೊಡಬೇಕಿಲ್ಲ ಅಂತ ಅಷ್ಟೆ. ತೆಂಗಿನ ತೋಟದ ಡ್ರೋನ್ ಶಾಟ್ ಥರದ್ದಕ್ಕೆ ಇದು ಆಗುತ್ತದೆ. ಸುದ್ದಿ, ಚರಿತ್ರೆಯ ಫುಟೇಜ್ ಹೆಚ್ಚಾಗಿ ಬಳಕೆಗೆ ತಕ್ಕ ಹಾಗೆ ಹಣ ಕೊಡುವ ಬಗೆಯದ್ದು.

ಆರ್ಕೈವಿನಿಂದ ತರಿಸುವ ಕ್ರಮ ಹೇಗೆ?

ಮೊದಲು ಸ್ಕ್ರೀನರ್ ಕೊಡುತ್ತಾರೆ. ಮಂದ ಕ್ವಾಲಿಟಿ, ಮೇಲೆ ವಾಟರ್‌ಮಾರ್ಕ್, ಓಡುವ ಟೈಮ್‌ಕೋಡ್ (ಯಾವ ನಿಮಿಷ, ಯಾವ ಸೆಕೆಂಡ್ ಅಂತ ತೋರಿಸುವ ಅಂಕಿ). ಅದನ್ನೇ ಇಟ್ಟುಕೊಂಡು ಎಡಿಟ್ ಮಾಡಿ. ಚಿತ್ರ ಲಾಕ್ ಆದ ಮೇಲೆ, ಅಂದರೆ ಎಡಿಟ್ ಅಂತಿಮ ಆದ ಮೇಲೆ, ಬಳಸಿದ ಭಾಗದ ಟೈಮ್‌ಕೋಡ್ ಪಟ್ಟಿ ಕಳಿಸಿ, ಒಪ್ಪಂದ, ಹಣ, ಆಮೇಲೆ ಮಾಸ್ಟರ್, ಅಂದರೆ ವಾಟರ್‌ಮಾರ್ಕ್ ಇಲ್ಲದ ಒಳ್ಳೆ ಪ್ರತಿ. ಮೊದಲ ದಿನದಿಂದಲೇ ಒಂದು ಶೀಟ್ ಇಡಿ: ಕ್ಲಿಪ್ಪಿನ ನಂಬರ್, ಎಲ್ಲಿಂದ, ಯಾರ ಹಕ್ಕು, ನಿಮ್ಮ ಟೈಮ್‌ಲೈನಿನಲ್ಲಿ ಎಲ್ಲಿ, ಎಷ್ಟು ಸೆಕೆಂಡ್, ಒಪ್ಪಿಗೆ ಬಂತಾ. ಎಡಿಟ್ ಮುಗಿದ ಮೇಲೆ ‘ಇದು ಯಾರ ಪೆನ್‌ಡ್ರೈವಿನಿಂದ ಬಂತು?’ ಅಂತ ವಾಟ್ಸಪ್ ಕೆದಕುವುದು ದೊಡ್ಡ ಶಿಕ್ಷೆ. ಸರಕಾರಿ ಕಚೇರಿಗಳಿಂದ ಉತ್ತರ ಬರಲು ತಿಂಗಳುಗಳೇ ಹಿಡಿಯಬಹುದು. ಸ್ಕ್ರಿಪ್ಟ್ ಬರೆಯುವಾಗಲೇ ಅರ್ಜಿ ಹೋಗಿರಬೇಕು.

ಬೇಕಲ ಕೋಟೆಯಲ್ಲಿ ತೆಗೆದ ಸಿನಿಮಾ ಹಾಡಿನ ತುಣುಕು ಹಾಕಬಹುದಾ?

ಎಲ್ಲರೂ ಕೇಳುವುದು 1995ರ ‘ಬಾಂಬೆ’ ಎಂಬ ತಮಿಳು ಸಿನಿಮಾದ ಹಾಡನ್ನೇ. ಚಿತ್ರದ ಹಕ್ಕು 2055ರ ಕೊನೆಯವರೆಗೆ ಇದೆ. ದೃಶ್ಯಕ್ಕೆ ನಿರ್ಮಾಪಕರ ಒಪ್ಪಿಗೆ, ಹಾಡಿಗೆ ಮ್ಯೂಸಿಕ್ ಕಂಪನಿಯದ್ದು, ಎರಡೂ ಬೇಕು. ಆ ಹಣದಲ್ಲಿ ನೀವೇ ಒಂದು ಮಳೆಗಾಲ ಬೇಕಲದಲ್ಲಿ ಕೂತು ಶೂಟ್ ಮಾಡಬಹುದು.

ಎಂಡೋಸಲ್ಫಾನ್ ಕೀಟನಾಶಕದ ಬಗ್ಗೆ ಚಿತ್ರ ಮಾಡುತ್ತಿದ್ದೇವೆ. ಹಳೆ ಸುದ್ದಿ ಫುಟೇಜ್ ಬಳಸುವಾಗ ಏನು ನೋಡಬೇಕು?

ಇಲ್ಲಿ ಕಾಪಿರೈಟ್ ಎರಡನೇ ಮಾತು. ಮೊದಲು ಆ ಫುಟೇಜಿನಲ್ಲಿ ಕಾಣುವ ಸಂತ್ರಸ್ತ ಮಕ್ಕಳ ಮಾತು.

1970ರ ದಶಕದ ಕೊನೆಯಿಂದ 2000ದ ತನಕ ಕೇರಳ ಸರಕಾರದ ಪ್ಲಾಂಟೇಶನ್ ಕಾರ್ಪೊರೇಶನ್ನಿನ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಲ್ಲಿ ಎಂಡೋಸಲ್ಫಾನ್ ಸಿಂಪಡಿಸಿದರು. 2011ರ ಮೇಯಲ್ಲಿ ಸುಪ್ರೀಂ ಕೋರ್ಟ್ ದೇಶದಲ್ಲೇ ಅದನ್ನು ತಡೆಯಿತು. ನಡುವೆ ಎಣ್ಮಕಜೆ, ಪಡ್ರೆ ಕಡೆಗೆ ಕ್ಯಾಮೆರಾಗಳು ಬಂದವು. ಅವತ್ತು ಆ ದೃಶ್ಯಗಳು ಬೇಕಿತ್ತು, ಅವುಗಳಿಂದಲೇ ಜಗತ್ತಿಗೆ ಗೊತ್ತಾಯಿತು. ಆದರೆ ಅದೇ ಏಳೆಂಟು ಮುಖಗಳು ಇವತ್ತಿಗೂ ಪ್ರತಿ ವರದಿಯಲ್ಲಿ ಸುತ್ತುತ್ತಿವೆ. ಕೆಲವರು ತೀರಿಕೊಂಡಿದ್ದಾರೆ. ಕೆಲವರು ದೊಡ್ಡವರಾಗಿದ್ದಾರೆ. ಅವತ್ತು ಒಂದು ಸುದ್ದಿಗೆ ಅಂತ ಅಮ್ಮ ಕೊಟ್ಟ ಒಪ್ಪಿಗೆ, ಎಲ್ಲ ಕಾಲಕ್ಕೂ ಎಲ್ಲರಿಗೂ ಕೊಟ್ಟದ್ದಲ್ಲ.

ಆರ್ಕೈವ್ ನಿಮಗೆ ಲೈಸೆನ್ಸ್ ಕೊಡುವಾಗ ಫುಟೇಜಿನ ಹಕ್ಕು ಕೊಡುತ್ತದೆ. ಅದರಲ್ಲಿ ಕಾಣುವವರ ಒಪ್ಪಿಗೆ ನಿಮ್ಮ ಜವಾಬ್ದಾರಿ ಅಂತ ಒಪ್ಪಂದದಲ್ಲೇ ಸಣ್ಣ ಅಕ್ಷರದಲ್ಲಿ ಬರೆದಿರುತ್ತಾರೆ. ಹಾಗಾಗಿ ಮನೆಗೆ ಹೋಗಿ. ಕ್ಲಿಪ್ಪನ್ನು ಮೊಬೈಲಿನಲ್ಲಿ ತೋರಿಸಿ. ಮುಂದೆ ಹಿಂದೆ ಯಾವ ಮಾತು ಬರುತ್ತದೆ ಅಂತ ಹೇಳಿ. ಬೇಡ ಅಂದರೆ ಬೇಡ. ಕೈ, ಬಾಗಿಲು, ಔಷಧಿ ಚೀಟಿ, ಒಣಗಿದ ಬಾವಿ ತೋರಿಸಿ ಕೂಡ ಆ ಕತೆ ಹೇಳಬಹುದು.

ಹೆಲಿಕಾಪ್ಟರ್ ಸಿಂಪಡಣೆಯ ದೃಶ್ಯ ಸಿಗುತ್ತಿಲ್ಲ. ಬೇರೆ ದೇಶದ್ದು ಹಾಕಿದರೆ ಯಾರಿಗೆ ಗೊತ್ತಾಗುತ್ತದೆ?

ನಮ್ಮ ಊರಿನವರಿಗೆ ಗೊತ್ತಾಗುತ್ತದೆ. ಸಪಾಟು ಬಯಲಿನ ಹೊಲದ ಮೇಲೆ ವಿಮಾನ ಹೋಗುವುದನ್ನು ತೋರಿಸಿ ‘ಪಡ್ರೆ’ ಅಂತ ವಾಯ್ಸ್ ಓವರ್ ಕೊಟ್ಟರೆ, ಗುಡ್ಡದ ಮೇಲಿನ ಗೇರು ತೋಟದಲ್ಲಿ ಬೆಳೆದವರು ನಗುತ್ತಾರೆ. ಅದಕ್ಕಿಂತ ದೊಡ್ಡ ತೊಂದರೆ, ಆ ಒಂದು ಸುಳ್ಳು ಶಾಟ್ ಹಿಡಿದುಕೊಂಡು ಇಡೀ ಚಿತ್ರವೇ ಸುಳ್ಳು ಅನ್ನುವವರು ಬರುತ್ತಾರೆ. ಹಾಕಲೇಬೇಕಾದರೆ ‘ಸಾಂದರ್ಭಿಕ ದೃಶ್ಯ’ ಅಂತ ಓದಲು ಸಿಗುವಷ್ಟು ದೊಡ್ಡದಾಗಿ ಬರೆಯಿರಿ. ಕಂಪ್ಯೂಟರಿನಲ್ಲಿ ಹುಟ್ಟಿಸಿದ ಚಿತ್ರಕ್ಕೂ, ಕಪ್ಪು ಬಿಳುಪಿಗೆ ಬಣ್ಣ ಹಚ್ಚಿದ್ದಕ್ಕೂ ಇದೇ ಮಾತು.

ಕೋಲ, ತೆಯ್ಯಂನ ಹಳೆ ವಿಡಿಯೋ?

ಹಕ್ಕುದಾರರ ಒಪ್ಪಿಗೆಯ ಜೊತೆಗೆ ಆ ದೈವಸ್ಥಾನದವರನ್ನೂ, ಕಟ್ಟುವ ಕುಟುಂಬದವರನ್ನೂ ಕೇಳಿ. ಯಾವ ಭಾಗ ತೋರಿಸಬಾರದು ಅಂತ ಅವರೇ ಹೇಳುತ್ತಾರೆ.

ಹಳೆ ವಿಎಚ್‌ಎಸ್ ಸಿಕ್ಕಿದೆ. ಮನೆಯ ವಿಸಿಆರಿನಲ್ಲಿ ಹಾಕಿ ನೋಡಬಹುದಾ?

ತಡೆಯಿರಿ. ಕ್ಯಾಸೆಟ್ಟಿನ ಮೇಲಿರುವ ಪ್ಲಾಸ್ಟಿಕ್ ಕಿಟಕಿಯಿಂದ ಬೆಳಕಿಗೆ ಹಿಡಿದು ನೋಡಿ. ಸುತ್ತಿದ ಟೇಪಿನ ಅಂಚಿನಲ್ಲಿ ಬಿಳಿ ಹುಡಿ ಕಂಡರೆ ಅದು ಬೂಸ್ಟು. ನಮ್ಮ ಮಳೆಗಾಲಕ್ಕೆ ಕಪಾಟಿನಲ್ಲಿಟ್ಟ ಕ್ಯಾಸೆಟ್ಟಿಗೆ ಬೂಸ್ಟು ಹಿಡಿಯದಿದ್ದರೆ ಆಶ್ಚರ್ಯ. ಹಾಗೇ ಓಡಿಸಿದರೆ ಟೇಪ್ ಹೆಡ್ಡಿಗೆ ಅಂಟಿ ಹರಿಯಬಹುದು, ವಿಸಿಆರೂ ಹಾಳು, ಆಮೇಲೆ ಹಾಕಿದ ಒಳ್ಳೆ ಟೇಪಿಗೂ ಬೂಸ್ಟು. ಬೇರೆ ಟೇಪ್‌ಗಳಿಂದ ದೂರ, ಒಣ ಜಾಗದಲ್ಲಿ, ನಿಲ್ಲಿಸಿ ಇಡಿ. ಬಿಸಿಲಿಗೆ ಇಡಬೇಡಿ. ಟೇಪ್ ಶುಚಿ ಮಾಡಿ ಡಿಜಿಟೈಸ್ ಮಾಡುವವರ ಹತ್ತಿರ ಕೊಡಿ. ಫಿಲ್ಮ್ ರೀಲಿನ ಡಬ್ಬಿ ತೆರೆದಾಗ ವಿನೆಗರ್ ವಾಸನೆ ಬಂದರೆ ಇನ್ನೂ ಅವಸರ. ಫಿಲ್ಮ್ ಕೊಳೆಯಲು ಶುರುವಾಗಿದೆ ಅಂತ ಅರ್ಥ, ಪಕ್ಕದ ರೀಲಿಗೂ ಹರಡುತ್ತದೆ.

ಡಿಜಿಟೈಸ್ ಮಾಡಿಸುವಾಗ ಡಿವಿಡಿಗೆ ಹಾಕಿಸಬೇಡಿ. ದೊಡ್ಡ ಫೈಲ್ ಕೇಳಿ, ಎರಡು ಹಾರ್ಡ್ ಡಿಸ್ಕಿನಲ್ಲಿ ಇಡಿ, ಮೂಲ ಟೇಪ್ ಎಸೆಯಬೇಡಿ.

ಹಳೆ ದೃಶ್ಯ ಚೌಕ ಇದೆ, ನಮ್ಮ ಚಿತ್ರ ಅಗಲ. ಎಳೆದು ತುಂಬಿಸಲಾ?

ಎಳೆದರೆ ಎಲ್ಲರೂ ದಪ್ಪ ಕಾಣುತ್ತಾರೆ. ಹಳೆ ಟಿವಿಯ ಅಳತೆ 4:3. ಎಚ್‌ಡಿ ಚೌಕಟ್ಟಿನಲ್ಲಿ ಅದಕ್ಕೆ 1440 × 1080 ಜಾಗ ಸಿಗುತ್ತದೆ, ಎರಡು ಬದಿ ಕಪ್ಪು ಉಳಿಯುತ್ತದೆ. ಉಳಿಯಲಿ. ಮೇಲೆ ಕೆಳಗೆ ಕತ್ತರಿಸಿದರೆ ಒಂದೋ ತಲೆ ಹೋಗುತ್ತದೆ, ಇಲ್ಲ ಕಾಲು. ಚಾನೆಲಿನವರಿಗೆ ಕಪ್ಪು ಪಟ್ಟಿ ಬೇಡವಾದರೆ ಮೊದಲೇ ಕೇಳಿಕೊಳ್ಳಿ. ಕೆಲವು ಆರ್ಕೈವ್‌ಗಳು ಚಿತ್ರವನ್ನು ಕತ್ತರಿಸಬಾರದು ಅಂತ ಷರತ್ತು ಹಾಕುತ್ತವೆ.

ನನ್ನ ಹತ್ತಿರವೇ ಹಳೆ ಟೇಪ್‌ಗಳಿವೆ. ಚಾನೆಲಿನವರು ಕೇಳುತ್ತಿದ್ದಾರೆ. ಕೊಡಲಾ?

ಕೊಡಿ, ಆದರೆ ಮೂಲ ಟೇಪ್ ಅವರ ಕೈಗೆ ಕೊಡಬೇಡಿ. ವಾಪಸ್ ಬರಲಿಕ್ಕಿಲ್ಲ. ನೀವೇ ಡಿಜಿಟೈಸ್ ಮಾಡಿಸಿ, ವಾಟರ್‌ಮಾರ್ಕ್ ಹಾಕಿದ ಪ್ರತಿ ತೋರಿಸಿ, ಹಣ ಬಂದ ಮೇಲೆ ಕೇಳಿದ ಸೆಕೆಂಡ್‌ಗಳನ್ನು ಮಾತ್ರ ಕಳಿಸಿ. ‘ಎಲ್ಲ ಹಕ್ಕು ಶಾಶ್ವತವಾಗಿ ನಮಗೆ’ ಅಂತ ಬರೆದ ಕಾಗದ ತಂದರೆ ಆ ಸಾಲು ಹೊಡೆದು ‘ಈ ಕಾರ್ಯಕ್ರಮಕ್ಕೆ ಮಾತ್ರ’ ಅಂತ ಬರೆಯಿರಿ, ಪಕ್ಕದಲ್ಲಿ ಇಬ್ಬರೂ ಸಹಿ ಹಾಕಿ. ಟೇಪಿನಲ್ಲಿ ಯಾರ್ಯಾರಿದ್ದಾರೆ, ಯಾವ ಊರು, ಯಾವ ಹಬ್ಬ ಅಂತ ಗೊತ್ತಿರುವ ಹಿರಿಯರು ಮನೆಯಲ್ಲಿದ್ದರೆ ಅವರನ್ನು ಕೇಳಿ ಒಂದು ಪುಸ್ತಕದಲ್ಲಿ ಬರೆದಿಡಿ. ಹೆಸರು, ಊರು, ಇಸವಿ ಇರುವ ಟೇಪಿಗೆ ಬೆಲೆಯೂ ಜಾಸ್ತಿ ಸಿಗುತ್ತದೆ.